ಡಾ. ಲೆಸ್ಲಿ ಕೋಲ್ಮನ್ ಮತ್ತು ಶೇಕಡಾ ಒಂದರ ಲೆಕ್ಕ

ಹುಟ್ಟಿದ ನಾಡಿಗೆ ದುಡಿದವರನ್ನು ಜನ ನೆನೆಯುವುದು ಸಹಜ. ದೂರದೇಶದಿಂದ ಬಂದು, ಕನ್ನಡ ರೈತನ ಸಂಕಟವನ್ನು ತಮ್ಮದೆಂದು ಬಗೆದು ದುಡಿದವರನ್ನು ನೆನೆಯುವುದು ನಮ್ಮ ಕರ್ತವ್ಯ. ಅಂಥವರಲ್ಲಿ ಡಾ. ಲೆಸ್ಲಿ ಚಾರ್ಲ್ಸ್ ಕೋಲ್ಮನ್ ಪ್ರಮುಖರು.

ಕೋಲ್ಮನ್ ಅವರು 1878ರಲ್ಲಿ ಕೆನಡಾದ ಒಂಟಾರಿಯೋ ಪ್ರಾಂತದಲ್ಲಿ ಜನಿಸಿದರು. ಟೊರಾಂಟೋದಲ್ಲಿಯೂ ಜರ್ಮನಿಯ ಗಾಟಿಂಗೆನ್‌ನಲ್ಲಿಯೂ ವ್ಯಾಸಂಗ ಮಾಡಿ, 1908ರಲ್ಲಿ ಮೈಸೂರು ಸಂಸ್ಥಾನದ ಸೇವೆಗೆ ಸೇರಿದರು. ಸಸ್ಯರೋಗ ಮತ್ತು ಕೀಟಗಳ ಅಧ್ಯಯನ ಅವರ ಪಾಲಿಗೆ ಬಂದ ಕಾಯಕವಾಗಿತ್ತು.

ಆಗ ಮಲೆನಾಡನ್ನು ಕಾಡುತ್ತಿದ್ದುದು ಅಡಿಕೆಯ ಕೊಳೆರೋಗ. ಮಳೆಗಾಲದಲ್ಲಿ ಎಳೆಯ ಕಾಯಿಗಳು ಕೊಳೆತು ಉದುರಿದರೆ ಆ ಮನೆತನದ ವರ್ಷದ ಅನ್ನವೇ ಉದುರಿದಂತೆ. ಕೊನೆಗಳಿಗೆ ಕೊಟ್ಟೆ ಕಟ್ಟಿ ಮಳೆನೀರನ್ನು ತಡೆಯುವುದೇ ಹಿರಿಯರಿಗೆ ತಿಳಿದಿದ್ದ ಉಪಾಯ. ಕೋಲ್ಮನ್ ಅವರು ತೋಟಗಳನ್ನು ಪರೀಕ್ಷಿಸಿ, ರೋಗಕ್ಕೆ ಫೈಟೋಫ್ತೊರ ಎಂಬ ಸೂಕ್ಷ್ಮಜೀವಿಯೇ ಕಾರಣವೆಂದು ನಿರೂಪಿಸಿ, 1910ರಲ್ಲಿ ತಮ್ಮ ಸಂಶೋಧನೆಯನ್ನು ಪ್ರಕಟಿಸಿದರು. ಫ್ರಾನ್ಸಿನ ಮಿಲಾರ್ಡೆ 1885ರಲ್ಲಿ ದ್ರಾಕ್ಷಿ ಬಳ್ಳಿಗಳಿಗೆಂದು ಬೆಳಕಿಗೆ ತಂದಿದ್ದ ಬೋರ್ಡೋ ದ್ರಾವಣವನ್ನು ಅಡಿಕೆ ಕೊನೆಗಳಿಗೆ ಸಿಂಪಡಿಸುವ ಮಾರ್ಗವನ್ನು ರೈತರಿಗೆ ತೋರಿಸಿದರು. ಶಿರಸಿ, ಸಿದ್ದಾಪುರ, ಯಲ್ಲಾಪುರಗಳು ಆಗ ಮುಂಬಯಿ ಪ್ರಾಂತಕ್ಕೆ ಸೇರಿದ್ದರೂ ರೋಗಕ್ಕೆ ಗಡಿಯಿರಲಿಲ್ಲ, ಮದ್ದಿಗೂ ಗಡಿ ಉಳಿಯಲಿಲ್ಲ. ಇಂದಿಗೂ ಈ ಮೂರು ತಾಲೂಕುಗಳ ತೋಟಗಳಲ್ಲಿ ಮಳೆಗಾಲದ ಹೊಸ್ತಿಲಲ್ಲಿ ಮದ್ದು ಹೊಡೆಯುವ ಕೆಲಸ ನಡೆಯುತ್ತದೆ.

ಈ ಮದ್ದಿನ ಜೀವಾಳ ಗಣಿತ. ಶೇಕಡಾ ಒಂದರ ದ್ರಾವಣವೆಂದರೆ 100 ಲೀಟರಿಗೆ 1 ಕಿಲೋ ಮೈಲುತುತ್ತ, 1 ಕಿಲೋ ಸುಣ್ಣ. ಮೈಲುತುತ್ತವನ್ನು 50 ಲೀಟರ್ ನೀರಿನಲ್ಲಿಯೂ ಸುಣ್ಣವನ್ನು ಬೇರೆ 50 ಲೀಟರಿನಲ್ಲಿಯೂ ಕದಡಬೇಕು. ಆಗ ಪ್ರತಿಯೊಂದೂ ಶೇಕಡಾ 2ರಷ್ಟಿರುತ್ತದೆ. ಎರಡನ್ನೂ ಕೂಡಿಸಿದಾಗ ನೀರು ಇಮ್ಮಡಿಯಾಗಿ ಪ್ರತಿಯೊಂದೂ ಶೇಕಡಾ 1ಕ್ಕೆ ಇಳಿಯುತ್ತದೆ. ಇದನ್ನರಿಯದೆ ಎರಡನ್ನೂ ನೂರು ನೂರು ಲೀಟರಿನಲ್ಲಿ ಕದಡಿ ಕೂಡಿಸಿದರೆ ದೊರೆಯುವುದು 200 ಲೀಟರ್. ಅದರ ಸತ್ತ್ವ ಶೇಕಡಾ ಅರ್ಧ ಮಾತ್ರ. ಬಣ್ಣ ನೋಡಿದರೆ ನೀಲಿಯೇ, ಆದರೆ ಮದ್ದು ಅರೆಮದ್ದು. ಕರಗಿದ ವಸ್ತುವಿನ ತೂಕ ಬದಲಾಗದು, ನೀರಿನ ಅಳತೆ ಬದಲಾಗುತ್ತದೆ ಎಂಬ ಒಂದೇ ಸೂತ್ರವನ್ನು ಹಿಡಿದರೆ ಮಿಶ್ರಣದ ಎಲ್ಲ ಲೆಕ್ಕಗಳೂ ಬಿಡಿಸಿಕೊಳ್ಳುತ್ತವೆ. ಸುಣ್ಣ ಸಾಲದಾದರೆ ದ್ರಾವಣದಲ್ಲಿ ಅದ್ದಿದ ಕಬ್ಬಿಣದ ಕತ್ತಿಗೆ ತಾಮ್ರದ ಕೆಂಪು ಹತ್ತಿ ಸಾಕ್ಷಿ ಹೇಳುತ್ತದೆ. ಆಗ ಇನ್ನಷ್ಟು ಸುಣ್ಣ ಸೇರಿಸಬೇಕು.

1913ರಲ್ಲಿ ಕೋಲ್ಮನ್ ಅವರು ಸಂಸ್ಥಾನದ ಕೃಷಿ ನಿರ್ದೇಶಕರಾದರು. ಹೆಬ್ಬಾಳದ ಕೃಷಿ ಶಾಲೆ, 1925ರ ಬಾಳೆಹೊನ್ನೂರಿನ ಕಾಫಿ ಸಂಶೋಧನ ಕೇಂದ್ರ, ಮಂಡ್ಯ ಸೀಮೆಯ ಕಬ್ಬಿನ ಬೇಸಾಯ ಇವೆಲ್ಲ ಅವರ ಶ್ರಮದಿಂದ ಬೆಳೆದವು. 1934ರಲ್ಲಿ ನಿವೃತ್ತರಾಗಿ ಸ್ವದೇಶಕ್ಕೆ ಮರಳಿದರು, 1954ರಲ್ಲಿ ದಿವಂಗತರಾದರು.

ಕಾಯಕವೇ ಪೂಜೆಯೆಂದು ನಂಬಿದ ಪರಂಪರೆ ನಮ್ಮದು. ಅಧ್ಯಾಪಕರು ಶೇಕಡಾವಾರಿನ ಪಾಠ ಹೇಳುವಾಗ ಸಕ್ಕರೆ ನೀರಿನ ಉದಾಹರಣೆಯೊಡನೆ ತೋಟದ ಪೀಪಾಯಿಯನ್ನೂ ಮಕ್ಕಳ ಕಣ್ಣ ಮುಂದೆ ತರಲಿ. ಹಲಗೆಯ ಮೇಲಿನ ತಪ್ಪನ್ನು ಬಟ್ಟೆಯಿಂದ ಒರೆಸಬಹುದು. ಪೀಪಾಯಿಯಲ್ಲಿ ಆದ ತಪ್ಪನ್ನು ಆಷಾಢದ ಮಳೆ ಎಣಿಸಿ ತೋರಿಸುತ್ತದೆ. ಆ ಲೆಕ್ಕವನ್ನು ಸರಿಯಾಗಿ ಕಲಿತ ವಿದ್ಯಾರ್ಥಿ ತನ್ನ ಮನೆಯ ಫಸಲನ್ನು ಉಳಿಸಬಲ್ಲನು; ಕೋಲ್ಮನ್ ಅವರಿಗೆ ಸಲ್ಲಿಸಬಹುದಾದ ಗೌರವ ಇದಕ್ಕಿಂತ ಮಿಗಿಲಾದುದಿಲ್ಲ.