ಕಲಿಸಲಾಗದ ಆಟವನ್ನು ಕಲಿಸಿದವರು

ಕಾಶಿ ಎಂದರೆ ನಮ್ಮ ಊರ ಕಡೆಯ ಹಿರಿಯರಿಗೆ ಗಂಗೆ, ವಿಶ್ವನಾಥ, ಹೆಚ್ಚೆಂದರೆ ಹನುಮಾನ್ ಘಾಟ್. ಬಾಸ್ಕೆಟ್‌ಬಾಲ್ ಅಂತ ಯಾರೂ ಹೇಳುವುದಿಲ್ಲ. ಆದರೆ ಇದೇ ವಾರಣಾಸಿಯ ಒಂದೇ ಮನೆಯ ನಾಲ್ವರು ಅಕ್ಕತಂಗಿಯರು, ದಿವ್ಯಾ, ಪ್ರಶಾಂತಿ, ಆಕಾಂಕ್ಷಾ, ಪ್ರತಿಮಾ ಸಿಂಗ್, ಭಾರತ ತಂಡಕ್ಕೆ ಆಡಿದ್ದಾರೆ. ಅವರಲ್ಲಿ ದಿವ್ಯಾ ತಂಡದ ನಾಯಕಿಯಾಗಿದ್ದು, ಆಮೇಲೆ ಅಮೆರಿಕದ ಡೆಲಾವೇರ್ ವಿಶ್ವವಿದ್ಯಾಲಯಕ್ಕೆ ಓದಲು ಹೋಗಿ, ಆಟ ಕಲಿಸುವ ಕೆಲಸಕ್ಕೆ ಇಳಿದರು. ಆಡುವವರು ಮುಂದೆ ಕಲಿಸುವವರಾಗುವುದು ಈಗ ನಮಗೆ ಸಹಜವಾಗಿ ಕಾಣುತ್ತದೆ. ಒಂದು ಕಾಲಕ್ಕೆ ಹಾಗಿರಲಿಲ್ಲ. ಕಾಲೇಜಿನಲ್ಲಿ ಬಾಸ್ಕೆಟ್‌ಬಾಲ್ ಕಲಿಸಲು ಒಬ್ಬ ಮನುಷ್ಯ ಬೇಕೇ ಅಂತ ನಗುತ್ತಿದ್ದ ಕಾಲ ಅದು. ಆ ನಗುವಿಗೆ ಐವತ್ತು ವರ್ಷ ಉತ್ತರ ಕೊಟ್ಟವರು ಫಾರೆಸ್ಟ್ ಅಲೆನ್. ಜನ ಕರೆದದ್ದು ಫಾಗ್ ಅಲೆನ್ ಅಂತ.

ಅಲೆನ್ ಹುಟ್ಟಿದ್ದು 1885ರ ನವೆಂಬರ್ 18ರಂದು, ಅಮೆರಿಕದ ಮಿಸೌರಿ ರಾಜ್ಯದ ಜೇಮ್ಸ್‌ಪೋರ್ಟ್ ಎಂಬ ಸಣ್ಣ ಊರಿನಲ್ಲಿ. ಆಗಿನ್ನೂ ಬಾಸ್ಕೆಟ್‌ಬಾಲ್ ಎಂಬ ಆಟವೇ ಹುಟ್ಟಿರಲಿಲ್ಲ. ಅವರಿಗೆ ಆರು ವರ್ಷವಾದಾಗ, 1891ರ ಡಿಸೆಂಬರಿನಲ್ಲಿ, ಸ್ಪ್ರಿಂಗ್‌ಫೀಲ್ಡ್ ಊರಿನ ವೈ.ಎಂ.ಸಿ.ಎ. ಶಾಲೆಯ ಮೇಷ್ಟ್ರು ಜೇಮ್ಸ್ ನೇಸ್ಮಿತ್ ಚಳಿಗಾಲದಲ್ಲಿ ಹುಡುಗರಿಗೆ ಒಳಾಂಗಣದಲ್ಲಿ ಏನಾದರೂ ಆಟ ಬೇಕು ಅಂತ ಪೀಚ್ ಹಣ್ಣಿನ ಎರಡು ಬುಟ್ಟಿಗಳನ್ನು ಮೇಲೆ ಕಟ್ಟಿಸಿ, ಹದಿಮೂರು ನಿಯಮ ಬರೆದು ಈ ಆಟ ಶುರು ಮಾಡಿದರು. ಅದೇ ವೈ.ಎಂ.ಸಿ.ಎ. ಜನರೇ ಮುಂದೆ ಆಟವನ್ನು ನಮ್ಮ ದೇಶಕ್ಕೂ ತಂದರು. 1920ರಲ್ಲಿ ಮದರಾಸಿನಲ್ಲಿ ವ್ಯಾಯಾಮ ಶಿಕ್ಷಣದ ಕಾಲೇಜು ತೆರೆದ ಹ್ಯಾರಿ ಕ್ರೋ ಬಕ್ ಸ್ಪ್ರಿಂಗ್‌ಫೀಲ್ಡಿನಲ್ಲಿ ಓದಿದವರೇ.

ಅಲೆನ್ ಹುಡುಗನಾಗಿದ್ದಾಗಲೇ ಅಣ್ಣತಮ್ಮಂದಿರ ಜೊತೆ ಆಡಿ ಬೆಳೆದವರು. ಬೇಸ್‌ಬಾಲ್ ಪಂದ್ಯಗಳಲ್ಲಿ ಅಂಪೈರ್ ಆಗಿ ಕೂಗುತ್ತಿದ್ದ ಅವರ ಗಂಟಲು ಮಂಜಿನಲ್ಲಿ ಹಡಗುಗಳು ಊದುವ ಕಹಳೆಯಂತಿತ್ತಂತೆ. ಅದರಿಂದಲೇ ಫಾಗ್ ಎಂಬ ಅಡ್ಡಹೆಸರು. 1905ರಲ್ಲಿ, ಆಗಿನ ಹೆಸರಾಂತ ತಂಡವಾದ ಬಫಲೋ ಜರ್ಮನ್ಸ್ ಅನ್ನು ಕ್ಯಾನ್ಸಾಸ್ ಸಿಟಿಗೆ ಕರೆಸಿ ಮೂರು ಪಂದ್ಯ ಏರ್ಪಡಿಸಿದ್ದೂ ಅವರೇ, ಆಡಿ ಗೆದ್ದವರಲ್ಲಿ ಒಬ್ಬರೂ ಅವರೇ. ಆಗ ವಯಸ್ಸು ಇನ್ನೂ ಇಪ್ಪತ್ತು ತುಂಬಿರಲಿಲ್ಲ. ಅಂದರೆ ನಮ್ಮ ವಯಸ್ಸು!

ಅವರು ಓದಲು ಸೇರಿದ್ದು ಲಾರೆನ್ಸ್ ಊರಿನ ಕ್ಯಾನ್ಸಾಸ್ ವಿಶ್ವವಿದ್ಯಾಲಯಕ್ಕೆ. ಅಲ್ಲಿ ಆಟದ ಜನಕ ನೇಸ್ಮಿತ್ 1898ರಿಂದಲೇ ಇದ್ದರು. ಅಲೆನ್ ಅವರ ತಂಡದಲ್ಲಿ ಆಡಿದರು. ಅಷ್ಟರಲ್ಲಿ ಹತ್ತಿರದ ಬಾಲ್ಡ್‌ವಿನ್ ಊರಿನ ಬೇಕರ್ ವಿಶ್ವವಿದ್ಯಾಲಯದಿಂದ ತಮ್ಮ ಹುಡುಗರಿಗೆ ಆಟ ಕಲಿಸಲು ಬರಬೇಕು ಅಂತ ಅಲೆನ್‌ಗೆ ಕರೆ ಬಂತು. ನೇಸ್ಮಿತ್‌ಗೆ ನಗು ಬಂತು. ಈ ಆಟವನ್ನು ಆಡಬಹುದೇ ಹೊರತು ಕಲಿಸುವುದಕ್ಕಾಗುವುದಿಲ್ಲ ಎನ್ನುವುದು ಅವರ ನಂಬಿಕೆ. ಶಿಷ್ಯನಿಗೆ ಹಾಗೇ ಹೇಳಿದರು.

ಗುರುಗಳ ಮಾತಿನಲ್ಲಿ ಸಣ್ಣತನ ಇರಲಿಲ್ಲ ಎನ್ನುವುದನ್ನು ಇಲ್ಲಿ ನೆನಪಿಡಬೇಕು. ನೇಸ್ಮಿತ್‌ಗೆ ಆಟವೆಂದರೆ ಮೈ ಮನಸ್ಸು ಚೊಕ್ಕಟವಾಗಿಡುವ ಸಾಧನ. ಗೆಲುವಿನ ಲೆಕ್ಕ ಅವರು ಇಟ್ಟವರೇ ಅಲ್ಲ. ಲೆಕ್ಕ ಇಟ್ಟವರು ಬೇರೆಯವರು: ಕ್ಯಾನ್ಸಾಸ್ ತಂಡ ಅವರ ಕೈಯಲ್ಲಿ 55 ಪಂದ್ಯ ಗೆದ್ದು 60 ಸೋತಿತು. ಆಟವನ್ನು ಹುಟ್ಟಿಸಿದವರ ಖಾತೆಯಲ್ಲೇ ನಷ್ಟ! ವಾಣಿಜ್ಯ ಓದುವ ನನ್ನಂಥವನಿಗೆ ಇದು ವಿಚಿತ್ರ ಬ್ಯಾಲೆನ್ಸ್ ಶೀಟು.

ಅಲೆನ್ ಕರೆಯನ್ನು ಒಪ್ಪಿಕೊಂಡರು. 1907ರಲ್ಲಿ ನೇಸ್ಮಿತ್ ತಮ್ಮ ತಂಡವನ್ನೇ ಅವರ ಕೈಗೆ ಒಪ್ಪಿಸಿದರು. ಒಂದೇ ಹೊತ್ತಿನಲ್ಲಿ ಎರಡು ಕಡೆ ಕೋಚ್! ಮರುವರ್ಷ ಹ್ಯಾಸ್ಕೆಲ್‌ನ ಆದಿವಾಸಿ ವಿದ್ಯಾರ್ಥಿಗಳ ಶಾಲೆಯೂ ಸೇರಿತು. ಆದರೆ 1909ರಲ್ಲಿ ಎಲ್ಲ ಬಿಟ್ಟು ಹೊರಟುಬಿಟ್ರು. ಹೋದದ್ದು ಆಸ್ಟಿಯೋಪತಿ ಓದಲು. ಮೂಳೆ, ಕೀಲು, ಸ್ನಾಯುಗಳನ್ನು ಕೈಯಿಂದಲೇ ತೀಡಿ ಸರಿಪಡಿಸುವ ವೈದ್ಯ ಅದು. ಆಟಗಾರನ ಕೈಚಳಕ ತನಗೆ ಗೊತ್ತಿದ್ದರೆ ಸಾಲದು, ಬೇರೆಯವರ ಕಾಲು ಏಕೆ ಉಳುಕುತ್ತದೆ ಎನ್ನುವುದೂ ಗೊತ್ತಿರಬೇಕು ಅಂತ ಅವರಿಗೆ ಅನಿಸಿತ್ತೋ ಏನೋ. ಆಡುವವ ಕಲಿಸುವವನಾಗುವ ದಾರಿಯಲ್ಲಿ ನಿಜವಾದ ತಿರುವು ಇದೇ ಅಂತ ನನ್ನ ಅಭಿಪ್ರಾಯ. ತನ್ನ ಮೈಗೆ ಬಂದದ್ದು ಇನ್ನೊಬ್ಬನ ಮೈಗೆ ತಾನಾಗಿ ಬರುವುದಿಲ್ಲ. ಅದನ್ನು ಬಿಡಿಸಿ ನೋಡಿ, ಕಾರಣ ಹುಡುಕಿ, ಮಾತಿನಲ್ಲಿ ಹೇಳಲು ಮತ್ತೆ ವಿದ್ಯಾರ್ಥಿಯಾಗಬೇಕು.

ವೈದ್ಯ ಕಲಿತು, ಏಳು ವರ್ಷ ವಾರೆನ್ಸ್‌ಬರ್ಗ್‌ನಲ್ಲಿ ದುಡಿದು, 1919ರಲ್ಲಿ ಅವರು ಕ್ಯಾನ್ಸಾಸ್‌ಗೆ ವಾಪಸಾದರು. ಮುಂದಿನ 37 ವರ್ಷ ಅಲ್ಲೇ. ಪಾದ, ಹಿಮ್ಮಡಿ, ಮಂಡಿ, ಇವುಗಳ ಮೇಲೆ ಅವರಿಗೆ ವಿಶೇಷ ಕಣ್ಣು. ಆಟಗಾರರ ಉಳುಕು ತಾವೇ ತೆಗೀತಿದ್ರು. 1924ರಲ್ಲಿ ಆಟ ಕಲಿಸುವ ಬಗೆಯನ್ನೇ ಪುಸ್ತಕವಾಗಿ ಬರೆದರು. 1927ರಲ್ಲಿ ನಿಯಮ ಸಮಿತಿಯವರು ಚೆಂಡು ಪುಟಿಸುತ್ತ ಓಡುವುದನ್ನು ಒಂದೇ ಪುಟಿತಕ್ಕೆ ಇಳಿಸಲು ಹೊರಟಾಗ, ಅಲೆನ್ ಕೋಚ್‌ಗಳನ್ನೆಲ್ಲ ಒಗ್ಗೂಡಿಸಿ ಹೋರಾಡಿ ಅದನ್ನು ನಿಲ್ಲಿಸಿದರು. ಕೋಚ್‌ಗಳ ರಾಷ್ಟ್ರೀಯ ಸಂಘ ಹುಟ್ಟಿದ್ದು ಹೀಗೆ. ಅವರೇ ಮೊದಲ ಅಧ್ಯಕ್ಷರು. ಇದು ಕಲಿಸಲಾಗದ ಆಟ ಎಂದಿದ್ದ ಲೋಕದಲ್ಲಿ ಕಲಿಸುವವರದೇ ಒಂದು ಸಂಘ!

ಬಾಸ್ಕೆಟ್‌ಬಾಲ್ ಒಲಿಂಪಿಕ್ಸ್ ಸೇರಬೇಕೆಂದು ವರ್ಷಗಟ್ಟಲೆ ಹಟ ಹಿಡಿದವರೂ ಅಲೆನ್. 1936ರಲ್ಲಿ ಬರ್ಲಿನ್‌ನಲ್ಲಿ ಅದು ಕೈಗೂಡಿತು. ಮುದಿ ನೇಸ್ಮಿತ್ ಅದನ್ನು ಕಣ್ಣಾರೆ ನೋಡಿದರು. ಅಂತಿಮ ಪಂದ್ಯ ನಡೆದದ್ದು ಬಯಲಿನಲ್ಲಿ, ಮಳೆಯಲ್ಲಿ, ಕೆಸರಿನಲ್ಲಿ. ಅಮೆರಿಕ 19, ಕೆನಡಾ 8. ಮೂರು ವರ್ಷದ ಮೇಲೆ ನೇಸ್ಮಿತ್ ತೀರಿಕೊಂಡರು. 1952ರಲ್ಲಿ ಕ್ಯಾನ್ಸಾಸ್ ತಂಡ ರಾಷ್ಟ್ರ ಚಾಂಪಿಯನ್ ಆಯ್ತು. ಅದೇ ವರ್ಷ ಹೆಲ್ಸಿಂಕಿಯಲ್ಲಿ ಚಿನ್ನ ಗೆದ್ದ ಅಮೆರಿಕ ತಂಡದಲ್ಲಿ ಅಲೆನ್ ಕಲಿಸಿದ ಹುಡುಗರೇ ಏಳು ಜನ.

ಕೊನೆಗೆ ನಿಯಮವೇ ಅವರನ್ನು ಸೋಲಿಸಿತು. 1955ರಲ್ಲಿ ಏಳಡಿಯ ವಿಲ್ಟ್ ಚೇಂಬರ್ಲೇನ್ ಎಂಬ ಅದ್ಭುತ ಹುಡುಗನನ್ನು ಕ್ಯಾನ್ಸಾಸ್‌ಗೆ ಕರೆತಂದರು. ಆದರೆ ಮೊದಲ ವರ್ಷದವರು ಮುಖ್ಯ ತಂಡದಲ್ಲಿ ಆಡುವಂತಿಲ್ಲ, ಎಪ್ಪತ್ತಾದ ಕೋಚ್ ಮುಂದುವರಿಯುವಂತಿಲ್ಲ. ಅಲೆನ್ ವಿನಾಯಿತಿ ಬೇಡಿದರು, ಸಿಗಲಿಲ್ಲ. 1956ರಲ್ಲಿ ಅವರು ಹೊರಬಿದ್ದರು. ತಾವು ಕರೆತಂದ ಹುಡುಗನನ್ನು ಪಂದ್ಯಕ್ಕೆ ಇಳಿಸುವ ಭಾಗ್ಯ ಅವರಿಗೆ ಬರಲಿಲ್ಲ. ಮರುವರ್ಷ ಆ ತಂಡವನ್ನು ಫೈನಲ್‌ವರೆಗೆ ಒಯ್ದವರು ಡಿಕ್ ಹಾರ್ಪ್, ಅಲೆನ್ ಅವರದೇ ಶಿಷ್ಯ. 1974ರ ಸೆಪ್ಟೆಂಬರ್ 16ರಂದು ಲಾರೆನ್ಸ್‌ನಲ್ಲೇ ಅಲೆನ್ ತೀರಿಕೊಂಡರು.

ನಿವೃತ್ತರಾದಾಗ ಕಾಲೇಜು ಕೋಚ್‌ಗಳಲ್ಲಿ ಅವರಷ್ಟು ಪಂದ್ಯ ಗೆದ್ದವರು ಇರಲಿಲ್ಲ. ಕ್ಯಾನ್ಸಾಸ್‌ನಲ್ಲೇ 590. ಆ ದಾಖಲೆ ಮುರಿದವರು ಯಾರು? ಅವರ ಶಿಷ್ಯ ಅಡಾಲ್ಫ್ ರಪ್, 876 ಗೆಲುವು. ರಪ್ ದಾಖಲೆ ಮುರಿದವರು? ಅಲೆನ್ ಅವರ ಇನ್ನೊಬ್ಬ ಶಿಷ್ಯ ಡೀನ್ ಸ್ಮಿತ್, 879. ಶಿಷ್ಯನ ಕೈಯಲ್ಲಿ ಸೋಲುವುದೇ ಗುರುವಿನ ಗೆಲುವು ಅಂತ ನಮ್ಮ ಕಡೆ ಹೇಳ್ತಾರಲ್ಲ, ನೇಸ್ಮಿತ್ ಒಮ್ಮೆ ಹಾಗೆ ಗೆದ್ದರು, ಅಲೆನ್ ಎರಡು ಸಲ ಗೆದ್ದರು.

ಸ್ನೇಹಿತರೇ, ನಮ್ಮಲ್ಲಿ ಕಾಲೇಜು ತಂಡಕ್ಕೆ ಆಡುವವರು ಕೊನೆಯ ವರ್ಷದ ಪರೀಕ್ಷೆ ಬಂತೆಂದರೆ ಬೂಟು ಕಟ್ಟಿ ಅಟ್ಟಕ್ಕೆ ಹಾಕುತ್ತಾರೆ. ಕಲಿತದ್ದೆಲ್ಲ ಅಲ್ಲಿಗೇ ಮುಗೀತು. ಎಲ್ಲರೂ ಅಲೆನ್ ಆಗಬೇಕಿಲ್ಲ. ಬೀದಿಯ ನಾಲ್ಕು ಹುಡುಗರಿಗೆ ಚೆಂಡು ಹಿಡಿಯುವುದು ಹೇಳಿಕೊಟ್ಟರೂ ಆ ವಿದ್ಯೆ ಅಟ್ಟ ಸೇರುವುದಿಲ್ಲ.

ಲಾರೆನ್ಸ್‌ನಲ್ಲಿ 1955ರಲ್ಲಿ ಕಟ್ಟಿದ ದೊಡ್ಡ ಕ್ರೀಡಾಂಗಣಕ್ಕೆ ಅಲೆನ್ ಅವರ ಹೆಸರಿದೆ. ಒಳಗೆ ಹುಡುಗರು ಓಡಾಡುವ ನೆಲಕ್ಕೆ ನೇಸ್ಮಿತ್ ಅವರ ಹೆಸರು. ನೆಲ ಗುರುವಿನದು, ಸೂರು ಶಿಷ್ಯನದು.