ಹರಿಶ್ಚಂದ್ರನಿಗೂ ಮೊದಲು ಒಂದು ಬಟಾಣಿ

ದಾದಾಸಾಹೇಬ್ ಫಾಲ್ಕೆ ಅಂದ್ರೆ ನೆನಪಾಗೋದು 1913ರ ‘ರಾಜಾ ಹರಿಶ್ಚಂದ್ರ’, ಆಮೇಲೆ ಅವರ ಹೆಸರಿನ ಪ್ರಶಸ್ತಿ. ನನಗೆ ಅದಕ್ಕಿಂತ ದೊಡ್ಡದಾಗಿ ಕಾಣೋದು, ಅದರ ಹಿಂದಿನ ವರ್ಷ ಅವರು ತೆಗೆದ ಒಂದು ಪುಟ್ಟ ಸಾಕ್ಷ್ಯಚಿತ್ರ.

1870ರಲ್ಲಿ ತ್ರ್ಯಂಬಕೇಶ್ವರದ ವೈದಿಕ ಮನೆತನದಲ್ಲಿ ಹುಟ್ಟಿದವರು. ಗೋಧ್ರಾದಲ್ಲಿ ಫೋಟೊ ಸ್ಟುಡಿಯೊ ಇಟ್ಟಿದ್ದಾಗ ಮೊದಲ ಹೆಂಡತಿ, ಮಗು ಪ್ಲೇಗಿಗೆ ಬಲಿಯಾದರು. ನಲವತ್ತರ ಹೊತ್ತಿಗೆ ಪಾಲುದಾರರ ಜತೆ ಮನಸ್ತಾಪವಾಗಿ ಮುದ್ರಣದ ಉದ್ಯಮವೂ ಕೈತಪ್ಪಿತು. ಆಗ ಮುಂಬೈಯಲ್ಲಿ ಏಸುವಿನ ಜೀವನದ ಸಿನಿಮಾ ನೋಡಿದರು. ರಾಮ, ಕೃಷ್ಣರನ್ನೂ ಹೀಗೇ ತೆರೆಗೆ ತರಬೇಕೆಂಬ ಹುಚ್ಚು ಹತ್ತಿತು. ನಿದ್ದೆಗೆಟ್ಟು ಸಿನಿಮಾ ನೋಡಿ ನೋಡಿ ಕಣ್ಣೇ ಹೋಗಿತ್ತು. ಚಿಕಿತ್ಸೆಯಿಂದ ದೃಷ್ಟಿ ಮರಳಿತು. ಜೀವವಿಮೆ ಅಡವಿಟ್ಟು 1912ರಲ್ಲಿ ಲಂಡನ್ನಿಗೆ ಹೋಗಿ ಕ್ಯಾಮೆರಾ ಗೊತ್ತುಮಾಡಿ ಬಂದರು.

ಆದ್ರೆ ಸಾಲ ಕೊಡೋರು ನಂಬಬೇಕಲ್ಲ? ಕುಂಡದಲ್ಲಿ ಬಟಾಣಿ ಬಿತ್ತಿ, ಅದರ ಮುಂದೆ ಕ್ಯಾಮೆರಾ ಕದಲದಂತೆ ನಿಲ್ಲಿಸಿ, ದಿನಗಟ್ಟಲೆ ಒಂದೊಂದೇ ಫ್ರೇಮ್ ತೆಗೆದರು. ಓಡಿಸಿದಾಗ ಕಣ್ಣೆದುರೇ ಬೀಜ ಮೊಳೆತು ಗಿಡವಾಯಿತು. ನಮ್ಮ ಮೊಬೈಲಿನ ಟೈಮ್‌ಲ್ಯಾಪ್ಸ್ ಇದೇ ತಾನೇ! ಸಾಲ ಹುಟ್ಟಿತು.

ಹೆಂಡತಿ ಸರಸ್ವತಿಬಾಯಿ ಒಡವೆ ಬಿಚ್ಚಿಕೊಟ್ಟರು. ಫಿಲ್ಮಿನ ಅಂಚಿಗೆ ತೂತು ಹೊಡೆದದ್ದು, ರಾಸಾಯನಿಕ ಬೆರೆಸಿದ್ದು, ಬಿಸಿಲಲ್ಲಿ ಬಿಳಿ ಬಟ್ಟೆ ಹಿಡಿದು ನಿಂತದ್ದು, ಇಡೀ ತಂಡಕ್ಕೆ ಅಡುಗೆ ಮಾಡಿ ಹಾಕಿದ್ದು ಅವರೇ. ಫಾಲ್ಕೆಯವರ ನಂಬಿಕೆಯ ಬೆಲೆಯಲ್ಲಿ ಅರ್ಧ ತೆತ್ತವರು ಇವರು. (ಪ್ರಶಸ್ತಿಯಲ್ಲಿ ಇವರ ಹೆಸರಿಲ್ಲ, ಬಿಡಿ.)

ಮಾತಿನ ಸಿನಿಮಾ ಫಾಲ್ಕೆಗೆ ಒಗ್ಗಲಿಲ್ಲ. 1937ರ ‘ಗಂಗಾವತರಣ’ವೇ ಕೊನೆಯದು. 1944ರಲ್ಲಿ ನಾಸಿಕದಲ್ಲಿ ತೀರಿಕೊಂಡರು.