ತೆರೆಯ ಮರೆಯ ಕವಿ: ಚಿ. ಉದಯಶಂಕರ್

ಚಲನಚಿತ್ರವನ್ನು ನೋಡಿ ಬಂದವರು ನಟನ ಹೆಸರನ್ನು ಹೇಳುತ್ತಾರೆ. ಹಾಡನ್ನು ಕೇಳಿದವರು ಗಾಯಕನ ಹೆಸರನ್ನು ಹೇಳುತ್ತಾರೆ. ಆ ನಟನ ಬಾಯಿಗೆ ಮಾತನ್ನೂ ಆ ಗಾಯಕನ ಕಂಠಕ್ಕೆ ಪದವನ್ನೂ ಒದಗಿಸಿದವನನ್ನು ನೆನೆಯುವವರು ವಿರಳ. ಕನ್ನಡ ಚಿತ್ರರಂಗದಲ್ಲಿ ಮೂರು ದಶಕಗಳ ಕಾಲ ಹೀಗೆ ತೆರೆಯ ಮರೆಯಲ್ಲಿ ನಿಂತು ದುಡಿದ ಲೇಖಕರಲ್ಲಿ ಚಿ. ಉದಯಶಂಕರ್ ಅವರು ಅಗ್ರಗಣ್ಯರು.

ಅವರು ಜನಿಸಿದುದು 1934ರ ಫೆಬ್ರವರಿ 18ರಂದು. ತಂದೆ ಚಿ. ಸದಾಶಿವಯ್ಯನವರೂ ಚಿತ್ರಗಳಿಗೆ ಸಂಭಾಷಣೆ, ಗೀತೆಗಳನ್ನು ರಚಿಸಿದವರು. ಬರವಣಿಗೆ ಹೀಗೆ ಮನೆಯಲ್ಲಿಯೇ ಇದ್ದ ವಿದ್ಯೆ. 1963ರಲ್ಲಿ ತೆರೆಕಂಡ ‘ಸಂತ ತುಕಾರಾಂ’ ಚಿತ್ರದಿಂದ ಉದಯಶಂಕರ್ ಅವರ ಚಿತ್ರಸಾಹಿತ್ಯ ಆರಂಭವಾಯಿತು. ಕನ್ನಡ ಚಿತ್ರಗಳು ಆಗ ಬಹುಮಟ್ಟಿಗೆ ಮದರಾಸಿನ ಸ್ಟುಡಿಯೋಗಳಲ್ಲಿಯೇ ತಯಾರಾಗುತ್ತಿದ್ದವು. ಪರಊರಿನಲ್ಲಿ, ಪರಭಾಷೆಯ ನಡುವೆ ಕುಳಿತು ಕನ್ನಡಿಗರು ಮೆಚ್ಚುವ ಕನ್ನಡವನ್ನು ಬರೆಯಬೇಕಾಗಿತ್ತು.

ಚಿತ್ರಸಾಹಿತ್ಯವೆಂಬುದು ಸುಲಭದ ಕೆಲಸವೆಂದು ಭಾವಿಸುವವರುಂಟು. ಆದರೆ ಅದರ ಕಟ್ಟುಪಾಡುಗಳನ್ನು ಯೋಚಿಸಿದರೆ ಆ ಭಾವನೆ ನಿಲ್ಲುವುದಿಲ್ಲ. ಕವಿಯು ತನ್ನ ಛಂದಸ್ಸನ್ನು ತಾನೇ ಆರಿಸಿಕೊಳ್ಳುತ್ತಾನೆ. ಚಿತ್ರಗೀತಕಾರನಿಗಾದರೋ ಅನೇಕ ವೇಳೆ ರಾಗದ ಧಾಟಿ ಮೊದಲೇ ಸಿದ್ಧವಾಗಿರುತ್ತದೆ. ಅದರ ಏರಿಳಿತಕ್ಕೆ ಪದ ಹೊಂದಬೇಕು, ಪಾತ್ರಕ್ಕೆ ಒಪ್ಪಬೇಕು, ಕಥೆಯನ್ನೂ ಮುಂದಕ್ಕೆ ಒಯ್ಯಬೇಕು. ಪುಸ್ತಕದ ಓದುಗನು ಅರ್ಥವಾಗದ ಸಾಲನ್ನು ಮತ್ತೆ ಓದಬಹುದು. ಚಿತ್ರಮಂದಿರದ ಪ್ರೇಕ್ಷಕನಿಗೆ ಆ ಅವಕಾಶವಿಲ್ಲ. ಮಾತು ಮೊದಲ ಬಾರಿಗೇ ಮನಸ್ಸನ್ನು ಮುಟ್ಟಬೇಕು. ಉದಯಶಂಕರ್ ಅವರ ಹೆಚ್ಚಳವಿರುವುದು ಇಲ್ಲಿಯೇ. ಕಂಪನಿ ನಾಟಕಗಳಿಂದ ಬಂದಿದ್ದ ಗಡುಸಾದ ಸಂಭಾಷಣೆಯ ಜಾಗದಲ್ಲಿ ಅವರು ಮನೆಮಾತಿನ ಸರಳತೆಯನ್ನು ತಂದರು.

‘ಕಸ್ತೂರಿ ನಿವಾಸ’ (1971) ಚಿತ್ರದಲ್ಲಿ ಕೇಳಿದವರಿಗೆ ಇಲ್ಲವೆನ್ನದೆ ಬರಿಗೈಯಾಗುವ ಧನಿಕನ ಔದಾರ್ಯವೂ ನೋವೂ ಅವರ ಮಿತವಾದ ಮಾತುಗಳಲ್ಲಿ ವ್ಯಕ್ತವಾದವು. ‘ಗಂಧದ ಗುಡಿ’ (1973) ಚಿತ್ರಕ್ಕಾಗಿ ಅವರು ರಚಿಸಿದ ನಾಡು ನುಡಿಯ ಗೀತೆಯು ರಾಜ್ಯೋತ್ಸವದ ದಿನ ನಮ್ಮ ಕೊಡ್ಲಿಪೇಟೆಯಂತಹ ಊರುಗಳಲ್ಲಿಯೂ ಕೇಳಿಬರುತ್ತದೆ. ‘ಸಂಪತ್ತಿಗೆ ಸವಾಲ್’ (1974) ಚಿತ್ರದಲ್ಲಿ ರಾಜಕುಮಾರ್ ಅವರು ಎಮ್ಮೆಯ ಮೇಲೆ ಕುಳಿತು ಹಾಡಿದ ಹಾಡೂ ಇವರದೇ. ಅದುವರೆಗೆ ರಾಜಕುಮಾರರಿಗೆ ಹೆಚ್ಚಾಗಿ ಕಂಠ ನೀಡುತ್ತಿದ್ದವರು ಪಿ.ಬಿ. ಶ್ರೀನಿವಾಸ್, ಆ ಹಾಡಿನ ತರುವಾಯ ರಾಜಕುಮಾರರೇ ಗಾಯಕರಾಗಿ ಬೆಳೆದರು. ‘ಕವಿರತ್ನ ಕಾಳಿದಾಸ’ (1983)ದಲ್ಲಿ ಅವರ ಲೇಖನಿಯ ಇನ್ನೊಂದು ಶಕ್ತಿಯನ್ನು ಕಾಣಬಹುದು. ಕುರಿ ಕಾಯುವ ಮುಗ್ಧನ ಒರಟು ಮಾತು, ಕಾಳಿಯ ಕೃಪೆಯಾದ ಮೇಲೆ ಅದೇ ಬಾಯಿಂದ ಹೊರಡುವ ಪ್ರೌಢ ವಾಣಿ, ಇವೆರಡನ್ನೂ ಒಬ್ಬರೇ ಬರೆದರು.

ಕೊಡಗಿನವರಾದ ನಮಗೆ ಅವರು ಇನ್ನೊಂದು ಕಾರಣದಿಂದಲೂ ಸ್ಮರಣೀಯರು. ನಮ್ಮ ಜಿಲ್ಲೆಯ ಕಾದಂಬರಿಕಾರ ಭಾರತೀಸುತರ ಕೃತಿಗಳನ್ನು ಆಧರಿಸಿದ ‘ಬಯಲು ದಾರಿ’ (1976), ‘ಗಿರಿಕನ್ಯೆ’ (1977), ‘ಹುಲಿಯ ಹಾಲಿನ ಮೇವು’ (1979) ಚಿತ್ರಗಳಿಗೆ ಹಾಡುಗಳನ್ನು ಬರೆದವರು ಉದಯಶಂಕರ್. ಕಾದಂಬರಿಯನ್ನು ಓದದ ಸಾವಿರಾರು ಜನರ ಬಳಿಗೆ ಆ ಕಥೆಗಳು ಈ ಹಾಡುಗಳ ಕೈಹಿಡಿದುಕೊಂಡೇ ನಡೆದುಹೋದವು.

ಅವರ ಬರವಣಿಗೆಯಲ್ಲಿ ಕೊರತೆಗಳಿಲ್ಲವೆಂದಲ್ಲ. ವರ್ಷಕ್ಕೆ ಹತ್ತಾರು ಚಿತ್ರಗಳಿಗೆ ಬರೆದವರಲ್ಲಿ ಒಮ್ಮೆ ಬಳಸಿದ ಉಪಮೆ ಮತ್ತೊಮ್ಮೆ ತಲೆಯೆತ್ತುವುದು ಸಹಜ. ಚಂದ್ರ, ಹೂವು, ಕನಸುಗಳು ಅವರಲ್ಲಿ ಮತ್ತೆ ಮತ್ತೆ ಬರುತ್ತವೆ. ವಿಮರ್ಶಕರು ಇದನ್ನು ದೋಷವೆಂದರೆ ಒಪ್ಪಬೇಕು. ಆದರೆ ಇಷ್ಟರಿಂದಲೇ ಚಿತ್ರಗೀತೆ ಸಾಹಿತ್ಯವಲ್ಲವೆಂದು ತರಗತಿಯ ಬಾಗಿಲಲ್ಲಿ ನಿಲ್ಲಿಸುವುದು ನ್ಯಾಯವೇ? ಒಂದು ಪುಸ್ತಕವೂ ಇಲ್ಲದ ಮನೆಗಳು ನಮ್ಮ ನಾಡಿನಲ್ಲಿ ಲಕ್ಷಾಂತರ. ಅಂತಹ ಮನೆಯಿಂದ ಮೊದಲ ಬಾರಿಗೆ ಕಾಲೇಜಿನ ಮೆಟ್ಟಿಲೇರಿದ ನನ್ನಂತಹವರಿಗೆ ಪಂಪ, ಕುಮಾರವ್ಯಾಸರ ಪರಿಚಯವಾದದ್ದು ಇಲ್ಲಿ. ಕನ್ನಡದ ಪದಕ್ಕೆ ಒಂದು ಸೊಗಸುಂಟೆಂಬ ಅರಿವಾದರೋ ಅದಕ್ಕೆ ಬಹು ಮೊದಲೇ, ರೇಡಿಯೋದ ಹಾಡುಗಳಿಂದ ಆಗಿತ್ತು. ಅಕ್ಷರ ಬಾರದ ತಾಯಂದಿರೂ ಅವರ ಸಾಲುಗಳನ್ನು ತಪ್ಪಿಲ್ಲದೆ ಗುನುಗುತ್ತಾರೆ. ಇದು ಸಾಹಿತ್ಯದ ಸೇವೆಯಲ್ಲವೆಂದರೆ ಸೇವೆಯೆಂಬ ಪದಕ್ಕೇ ಅರ್ಥವಿಲ್ಲ.

ಭಕ್ತಿಗೀತೆಗಳ ಕ್ಷೇತ್ರದಲ್ಲಿಯೂ ಅವರು ದುಡಿದರು. ರಾಜಕುಮಾರರು ಹಾಡಿದ ರಾಘವೇಂದ್ರಸ್ವಾಮಿಗಳ ಗೀತೆಗಳು ಇಂದಿಗೂ ಗುರುವಾರದ ಬೆಳಗಿನಲ್ಲಿ ಮೊಳಗುತ್ತವೆ. ಕೆಲವು ಚಿತ್ರಗಳಲ್ಲಿ ಚಿಕ್ಕಪುಟ್ಟ ಪಾತ್ರಗಳನ್ನೂ ಅವರು ವಹಿಸಿದ್ದುಂಟು. ಅವರ ಪುತ್ರ ಚಿ. ಗುರುದತ್ ನಟರಾಗಿ, ನಿರ್ದೇಶಕರಾಗಿ ಪರಿಚಿತರು. ಹೀಗೆ ಆ ಮನೆಯ ಮೂರು ತಲೆಮಾರುಗಳು ಚಿತ್ರರಂಗಕ್ಕೆ ಸಂದಿವೆ.

1992ರಲ್ಲಿ ಬಂದ ‘ಜೀವನ ಚೈತ್ರ’ದ ಗೀತೆಯೊಂದನ್ನು ಹಾಡಿದ್ದಕ್ಕಾಗಿ ರಾಜಕುಮಾರರಿಗೆ ಅತ್ಯುತ್ತಮ ಗಾಯಕರೆಂಬ ರಾಷ್ಟ್ರಪ್ರಶಸ್ತಿ ಲಭಿಸಿತು. ನಾದವೇ ಜಗತ್ತೆಂದು ಸಾರುವ ಆ ಗೀತೆಯನ್ನು ರಚಿಸಿದವರು ಉದಯಶಂಕರ್. ಮರುವರ್ಷವೇ, 1993ರಲ್ಲಿ, ಅರವತ್ತು ತುಂಬುವ ಮೊದಲೇ ಅವರು ಕಾಲವಶರಾದರು.

ಹಾಡನ್ನು ಕೇಳಿ ತಲೆದೂಗುವ ನಾವು ಗಾಯಕನ ಹೆಸರಿನೊಡನೆ ಕವಿಯ ಹೆಸರನ್ನೂ ಹೇಳುವ ಅಭ್ಯಾಸವನ್ನು ಬೆಳೆಸಿಕೊಳ್ಳೋಣ. ಜನರ ನಾಲಗೆಯ ಮೇಲೆ ಉಳಿದ ಲೇಖಕನಿಗೆ ಅದಕ್ಕಿಂತ ದೊಡ್ಡ ಸ್ಮಾರಕ ಬೇಕಿಲ್ಲ.